ಚಳಿಗಾಲಕ್ಕೆ ಮನೆಯೊಳಗೆ ಹೂವು: ಗಡ್ಡೆಗಳ ಕ್ಯಾಲೆಂಡರ್ ತಿದ್ದುವ ಲೆಕ್ಕ

ಅಕ್ಟೋಬರ್‌ನಲ್ಲಿ ಕೈಗೆ ಸಿಕ್ಕ ಟ್ಯುಲಿಪ್ ಗಡ್ಡೆಯೊಂದನ್ನು ಈರುಳ್ಳಿ ಸೀಳಿದ ಹಾಗೆ ತುದಿಯಿಂದ ಬುಡದವರೆಗೆ ಎರಡು ಹೋಳು ಮಾಡಿ ನೋಡಿ. ಹೊರಗೆ ಕಂದು ಸಿಪ್ಪೆ, ಅದರೊಳಗೆ ಒಂದರ ಮೇಲೊಂದು ಸುತ್ತಿಕೊಂಡ ದಪ್ಪ ಬಿಳಿ ಪದರಗಳು, ನಟ್ಟನಡುವೆ ತಿಳಿಹಳದಿ ಮೊಳಕೆ. ಭೂತಗನ್ನಡಿ ಹಿಡಿದರೆ ಆ ಮೊಳಕೆಯೊಳಗೆ ಮಡಚಿಕೊಂಡ ಎಲೆಗಳು, ಅವುಗಳ ಮಧ್ಯೆ ಆರು ಎಸಳು, ಆರು ಕೇಸರ, ಮೂರು ಏಣಿನ ಅಂಡಾಶಯ ಕಾಣುತ್ತವೆ. ಪುಟಾಣಿ ಗಾತ್ರದ ಪೂರ್ತಿ ಹೂವು. ಬೇರು ಇನ್ನೂ ಹುಟ್ಟಿಲ್ಲ, ಗಡ್ಡೆ ಮಣ್ಣಿಗೆ ಇಳಿದಿಲ್ಲ, ಹೂವು ಮಾತ್ರ ಆಗಲೇ ಕೂತಿದೆ.

ಚಳಿಗಾಲದ ಹಬ್ಬದ ಹೊತ್ತಿಗೆ ಮನೆಯೊಳಗೆ ಹೂ ಬರಿಸುವ ‘ಫೋರ್ಸಿಂಗ್’ ಎಂಬ ಕೆಲಸ ನಿಂತಿರುವುದೇ ಇದರ ಮೇಲೆ. ಹೆಸರಿನಲ್ಲಿ ಬಲವಂತವಿದೆ ನಿಜ, ಆದರೆ ಗಡ್ಡೆಯನ್ನು ಹೂ ಬಿಡು ಎಂದು ಯಾರೂ ಒತ್ತಾಯಿಸಲಾರರು. ಒಳಗೆ ಹೂವಿದ್ದರೆ ಬರುತ್ತದೆ, ಇಲ್ಲದಿದ್ದರೆ ಯಾವ ಗೊಬ್ಬರಕ್ಕೂ ಬಗ್ಗುವುದಿಲ್ಲ. ನಾವು ಮಾಡುವುದಿಷ್ಟೇ: ಅದು ಕಾಯುತ್ತಿರುವ ಋತುವನ್ನು ಸ್ವಲ್ಪ ಮುಂಚೆ ತಂದುಕೊಡುವುದು. ಹಾಗಾಗಿ ಇಲ್ಲಿ ಕೈಚಳಕಕ್ಕಿಂತ ದಿನ ಎಣಿಸುವ ತಾಳ್ಮೆ ಹೆಚ್ಚು ಉಪಯೋಗಕ್ಕೆ ಬರುತ್ತದೆ. ಕೆಟ್ಟ ಕುಂಡಗಳ ಹಿಂದೆ ಹೋಗಿ ನೋಡಿದರೆ ಹೆಚ್ಚಿನವು ಕೆಟ್ಟಿರುವುದು ಮಣ್ಣಿನಿಂದಲೋ ನೀರಿನಿಂದಲೋ ಅಲ್ಲ, ಎಣಿಕೆ ತಪ್ಪಿ.

ಚಳಿ ಏಕೆ ಬೇಕು

ಟ್ಯುಲಿಪ್, ಹಯಸಿಂತ್, ಡ್ಯಾಫೊಡಿಲ್, ಕ್ರೋಕಸ್, ಮಸ್ಕಾರಿ ಇವೆಲ್ಲ ಚಳಿಗಾಲ ಗಟ್ಟಿಯಾಗಿರುವ ಸೀಮೆಯವು. ಬೇಸಿಗೆಯಲ್ಲಿ ಎಲೆ ಒಣಗಿಸಿಕೊಂಡು ನೆಲದೊಳಗೆ ಮಲಗುತ್ತವೆ. ಮಲಗಿದ ಹಾಗೆ ಕಂಡರೂ ಒಳಗೆ ಕೆಲಸ ನಡೆದೇ ಇರುತ್ತದೆ: ಟ್ಯುಲಿಪ್ ಮತ್ತು ಹಯಸಿಂತ್‌ನಲ್ಲಿ ಹೂವು ರೂಪುಗೊಳ್ಳುವುದು ಈ ಬೇಸಿಗೆಯ ಬೆಚ್ಚಗಿನ ವಾರಗಳಲ್ಲೇ. ಡ್ಯಾಫೊಡಿಲ್ ಇನ್ನೂ ಮುಂದು. ಅದರ ಎಲೆ ಪೂರ್ತಿ ಒಣಗುವ ಮೊದಲೇ ಮುಂದಿನ ವರ್ಷದ ಹೂವಿಗೆ ಅಡಿಪಾಯ ಬಿದ್ದಿರುತ್ತದೆ.

ಹೂವು ಸಿದ್ಧವಾದ ಮೇಲೂ ಗಡ್ಡೆ ಹೊರಗೆ ಬರುವುದಿಲ್ಲ. ಶರತ್ಕಾಲದ ಎರಡು ಬಿಸಿಲು ದಿನ ನಂಬಿ ಎದ್ದರೆ ಹಿಂದೆಯೇ ಬರುವ ಹಿಮದಲ್ಲಿ ಸಾಯಬೇಕಾಗುತ್ತದೆ. ಅದಕ್ಕೇ ಅದರೊಳಗೆ ಒಂದು ಬೀಗವಿದೆ, ಆ ಬೀಗಕ್ಕೆ ಕೀಲಿ ವಾರಗಟ್ಟಲೆ ಚಳಿ. 2ರಿಂದ 9 ಡಿಗ್ರಿ ಸೆಲ್ಸಿಯಸ್ ನಡುವಿನ ತಂಪಿನಲ್ಲಿ ಪದರಗಳಲ್ಲಿದ್ದ ಪಿಷ್ಟ ಕರಗಿ ಸಕ್ಕರೆಯಾಗುತ್ತಾ ಹೋಗುತ್ತದೆ. ಬೆಳವಣಿಗೆಯ ಹಾರ್ಮೋನುಗಳಿಗೆ ದಂಟಿನ ಜೀವಕೋಶಗಳು ಓಗೊಡಲು ಶುರುಮಾಡುತ್ತವೆ. ಆಮೇಲೆ ಬೆಚ್ಚಗಾದೊಡನೆ ಆ ಕೋಶಗಳು ಉದ್ದಕ್ಕೆ ಹಿಗ್ಗುತ್ತವೆ, ಹೂವು ಮೇಲೆದ್ದು ನಿಲ್ಲುತ್ತದೆ.

ಇಲ್ಲಿ ಗಮನಿಸಬೇಕಾದ ಮಾತೊಂದಿದೆ. ಚಳಿಯಿಂದ ಹೂವು ಹುಟ್ಟುವುದಿಲ್ಲ, ಹೂವಿನ ದಂಟು ಉದ್ದವಾಗುತ್ತದೆ. ಇದನ್ನು ತಿಳಿದರೆ ಮುಂದೆ ಬರುವ ತಪ್ಪುಗಳೆಲ್ಲ ತಾವಾಗಿ ಅರ್ಥವಾಗುತ್ತವೆ. ಚಳಿ ಸಾಲದ ಹಯಸಿಂತ್ ಎಲೆಗಳ ನಡುವೆ ಕುಳಿತಲ್ಲೇ ಅರಳಿಬಿಡುತ್ತದೆ, ಕತ್ತೇ ಇಲ್ಲದ ಹಾಗೆ. ಚಳಿ ಸಾಲದ ಟ್ಯುಲಿಪ್‌ನಲ್ಲಿ ಎಲೆ ಬಂದು ಮೊಗ್ಗು ಒಳಗೇ ಕಾಗದದಂತೆ ಒಣಗುತ್ತದೆ. ಚಳಿ ಅತಿಯಾದರೆ ತದ್ವಿರುದ್ಧ: ದಂಟು ನೀಳವಾಗಿ, ಸಣಕಲಾಗಿ, ಹೂವಿನ ಭಾರ ತಾಳದೆ ಬಾಗುತ್ತದೆ.

ಅಮರಿಲ್ಲಿಸ್ ಮತ್ತು ಪೇಪರ್‌ವೈಟ್ ಈ ಗುಂಪಿಗೆ ಸೇರುವುದಿಲ್ಲ. ಮೊದಲನೆಯದು ದಕ್ಷಿಣ ಅಮೆರಿಕದ ಬೆಚ್ಚಗಿನ ಪ್ರದೇಶದ್ದು, ಎರಡನೆಯದು ಮೆಡಿಟರೇನಿಯನ್ ಕರಾವಳಿಯ ಕಡೆಯ ನಾರ್ಸಿಸಸ್, ಅಂದರೆ ಡ್ಯಾಫೊಡಿಲ್‌ನ ಕುಲದ್ದೇ. ಎರಡಕ್ಕೂ ಹಿಮದ ಹೆದರಿಕೆ ಗೊತ್ತಿಲ್ಲ, ಆದ್ದರಿಂದ ಬೀಗವೂ ಇಲ್ಲ. ಮೊದಲ ಸಲ ಕೈ ಹಾಕುವವರು ಇವೆರಡರಿಂದ ಶುರುಮಾಡುವುದು ಒಳ್ಳೆಯದು.

ಅಂದಹಾಗೆ, ಅಂಗಡಿಗಳಲ್ಲಿ ಅಮರಿಲ್ಲಿಸ್ ಎಂದು ಮಾರುವ ಗಡ್ಡೆ ಸಸ್ಯಶಾಸ್ತ್ರದ ಲೆಕ್ಕದಲ್ಲಿ ಹಿಪಿಯಾಸ್ಟ್ರಮ್. ನಿಜವಾದ ಅಮರಿಲ್ಲಿಸ್ ದಕ್ಷಿಣ ಆಫ್ರಿಕಾದ ಗಿಡ. ಈ ಹೆಸರಿನ ಜಗಳ ಬಹಳ ಕಾಲ ನಡೆದು 1987ರ ಅಂತಾರಾಷ್ಟ್ರೀಯ ಸಸ್ಯಶಾಸ್ತ್ರ ಸಮ್ಮೇಳನದಲ್ಲಿ ಆಫ್ರಿಕಾದ ಗಿಡದ ಪರವಾಗಿ ತೀರ್ಮಾನವಾಯಿತು. ಜನರ ಬಾಯಲ್ಲಿ ಮಾತ್ರ ಹಳೆಯ ಹೆಸರೇ ಉಳಿದಿದೆ, ಇಲ್ಲೂ ಅದನ್ನೇ ಬಳಸೋಣ.

ಹಿಂದಿನಿಂದ ಎಣಿಸಿ

ಹೂ ಬೇಕಾದ ದಿನ ಡಿಸೆಂಬರ್ 25 ಎಂದಿಟ್ಟುಕೊಳ್ಳಿ. ಅಮರಿಲ್ಲಿಸ್ ನೆಟ್ಟಲ್ಲಿಂದ ಅರಳಲು ಸಾಮಾನ್ಯವಾಗಿ 6ರಿಂದ 8 ವಾರ, ಕೆಲವು ತಳಿಗಳಿಗೆ 10. ಅಂದರೆ ಅಕ್ಟೋಬರ್ ಕೊನೆ ಅಥವಾ ನವೆಂಬರ್ ಮೊದಲ ವಾರದಲ್ಲಿ ಕುಂಡಕ್ಕೆ ಇಳಿಯಬೇಕು. ಪೇಪರ್‌ವೈಟ್‌ಗೆ 4ರಿಂದ 6 ವಾರ ಸಾಕು, ನವೆಂಬರ್ ನಡುವಿನಿಂದ 20ರೊಳಗೆ ಇಟ್ಟರೆ ಆಯಿತು. ತಡವಾಗಿ ಇಟ್ಟ ಗಡ್ಡೆ ಬೇಗ ಅರಳುತ್ತದೆ ಎಂಬುದು ಇದರ ಒಂದು ಗುಣ. ನವೆಂಬರ್ ಮೊದಲಲ್ಲಿ 6 ವಾರ ಹಿಡಿಯುವುದು ಜನವರಿಯಲ್ಲಿ 3–4 ವಾರಕ್ಕೇ ಮುಗಿಯಬಹುದು.

ಹಯಸಿಂತ್‌ನಲ್ಲಿ ಎರಡು ಬಗೆ ಸಿಗುತ್ತವೆ. ಮಾಮೂಲಿಯದಕ್ಕೆ 12–14 ವಾರ ಚಳಿ ಬೇಕು. ‘ಸಿದ್ಧಪಡಿಸಿದ’ ಎಂದು ಬರೆದು ಮಾರುವುದಕ್ಕೆ ಸುಮಾರು 10 ವಾರ. ಸಿದ್ಧಪಡಿಸುವುದೆಂದರೆ ಗಡ್ಡೆಯನ್ನು ಬೇಸಿಗೆಯಲ್ಲೇ ಬೇಗ ಕಿತ್ತು, ಮೊದಲು 30 ಡಿಗ್ರಿಯ ಆಸುಪಾಸಿನಲ್ಲಿಟ್ಟು, ವಾರ ಕಳೆದಂತೆ ಉಷ್ಣಾಂಶ ಇಳಿಸುತ್ತಾ ಬಂದು, ಒಳಗಿನ ಹೂವನ್ನು ವಾಡಿಕೆಗಿಂತ ಮುಂಚೆ ರೂಪುಗೊಳ್ಳುವಂತೆ ಮಾಡುವುದು. ಗಡ್ಡೆಯೊಳಗೆ ಯಾವ ಉಷ್ಣಾಂಶದಲ್ಲಿ ಯಾವ ಭಾಗ ಹುಟ್ಟುತ್ತದೆ ಎಂಬುದನ್ನು ನೆದರ್‌ಲೆಂಡ್ಸ್‌ನ ವಾಖೆನಿಂಗೆನ್‌ನಲ್ಲಿ ಆಂಟೋನ್ ಬ್ಲಾವ್ ಮತ್ತು ಅವರ ಸಹೋದ್ಯೋಗಿಗಳು 1920ರ ದಶಕದ ಆಸುಪಾಸಿನಲ್ಲಿ ಗಡ್ಡೆಗಳನ್ನು ವಾರವಾರವೂ ಸೀಳಿ ನೋಡಿ ಗುರುತಿಸಿದರು. ಇವತ್ತಿನ ಗಡ್ಡೆ ವ್ಯಾಪಾರದ ಗೋದಾಮುಗಳು ನಡೆಯುವುದು ಇಂಥ ಅಧ್ಯಯನಗಳ ಬಲದಿಂದ. ಸಿದ್ಧಪಡಿಸಿದ ಹಯಸಿಂತ್‌ಗೆ 10 ವಾರ ಚಳಿ, ಆಮೇಲೆ ಬೆಚ್ಚಗಿನ ಕೋಣೆಯಲ್ಲಿ 3 ವಾರ. ಡಿಸೆಂಬರ್ 25ರಿಂದ ಹಿಂದಕ್ಕೆ ಎಣಿಸಿದರೆ ಡಿಸೆಂಬರ್ 4, ಅಲ್ಲಿಂದ ಹಿಂದಕ್ಕೆ ಸೆಪ್ಟೆಂಬರ್ 25. ಅಕ್ಟೋಬರ್‌ನಲ್ಲಿ ನೆನಪಾದರೆ ಹೊಸವರ್ಷದ ನಂತರದ ಹೂವು.

ಟ್ಯುಲಿಪ್‌ನ ಲೆಕ್ಕ ನಿಷ್ಠುರ. 14–16 ವಾರ ಚಳಿ, ಮೇಲೆ 3–4 ವಾರ. ಡಿಸೆಂಬರ್ 25ಕ್ಕೆ ಬೇಕೆಂದರೆ ಆಗಸ್ಟ್‌ನಲ್ಲೇ ನೆಡಬೇಕು. ಹೊಸ ಗಡ್ಡೆಗಳು ಮಾರಾಟಕ್ಕೆ ಬರುವುದೇ ಸೆಪ್ಟೆಂಬರ್ ಹೊತ್ತಿಗೆ. ಮೊದಲೇ ಚಳಿ ಕೊಟ್ಟು ಮಾರುವ ಗಡ್ಡೆ ಸಿಗದ ಹೊರತು ಡಿಸೆಂಬರ್‌ನ ಟ್ಯುಲಿಪ್ ಮನೆಯಲ್ಲಿ ಆಗುವ ಮಾತಲ್ಲ. ಅಕ್ಟೋಬರ್ 1ಕ್ಕೆ ನೆಟ್ಟು 15 ವಾರ ಎಣಿಸಿದರೆ ಜನವರಿ 14, ಹೂವು ಫೆಬ್ರವರಿ ಮೊದಲ ಹದಿನೈದು ದಿನದಲ್ಲಿ. ಇದನ್ನು ಒಪ್ಪಿಕೊಂಡು ಡಿಸೆಂಬರ್‌ಗೆ ಅಮರಿಲ್ಲಿಸ್, ಪೇಪರ್‌ವೈಟ್, ಹಯಸಿಂತ್ ಇಟ್ಟುಕೊಂಡು, ಟ್ಯುಲಿಪ್ ಡ್ಯಾಫೊಡಿಲ್‌ಗಳನ್ನು ಹಬ್ಬ ಮುಗಿದ ಮೇಲಿನ ಬೋಳು ದಿನಗಳಿಗೆ ಮೀಸಲಿಡುವುದೇ ಜಾಣತನ. ಡ್ಯಾಫೊಡಿಲ್‌ಗೆ 14–16, ಕ್ರೋಕಸ್‌ಗೆ 12–15, ಮಸ್ಕಾರಿಗೆ 12–14 ವಾರ ಎಂದು ಗೋಡೆಯ ಕ್ಯಾಲೆಂಡರ್ ಮೇಲೆ ಬರೆದಿಡಿ.

ಗಡ್ಡೆ ಆರಿಸುವಾಗ

ಮುಂದಿನ ಊಟವೆಲ್ಲ ಗಡ್ಡೆಯೊಳಗೇ ಇರುವುದರಿಂದ ಇಲ್ಲಿ ಗಾತ್ರವೇ ಗೊಬ್ಬರ. ವ್ಯಾಪಾರದಲ್ಲಿ ಗಡ್ಡೆಯನ್ನು ಅಳೆಯುವುದು ಸುತ್ತಳತೆಯಿಂದ. ಅಮರಿಲ್ಲಿಸ್ 26–28 ಸೆಂ.ಮೀ. ಇದ್ದರೆ ಒಂದೋ ಎರಡೋ ಹೂದಂಟು, 34–36 ಸೆಂ.ಮೀ. ಇದ್ದರೆ ಎರಡು ಮೂರು ನಿರೀಕ್ಷಿಸಬಹುದು. ಟ್ಯುಲಿಪ್‌ನಲ್ಲಿ 12 ಸೆಂ.ಮೀ. ಮತ್ತು ಮೇಲಿನದನ್ನು ಕೊಳ್ಳಿ. ಕೈಯಲ್ಲಿ ಹಿಡಿದರೆ ಭಾರವೆನಿಸಬೇಕು, ಬುಡ ಗಟ್ಟಿಯಾಗಿರಬೇಕು. ಬುಡವನ್ನು ಹೆಬ್ಬೆರಳಿನಿಂದ ಒತ್ತಿದಾಗ ಒಳಕ್ಕೆ ಹೋದರೆ ಅದು ಕೊಳೆತ ಗಡ್ಡೆ. ಸಿಪ್ಪೆಯ ಮೇಲೆ ಅಲ್ಲಲ್ಲಿ ನೀಲಿಹಸಿರು ಬೂಷ್ಟು ಕಂಡರೆ ಗಾಬರಿ ಬೇಡ, ಒಣಬಟ್ಟೆಯಿಂದ ಒರೆಸಿದರೆ ಸಾಕು. ಹುಳಿ ವಾಸನೆ ಬರುವ, ತೂಕ ಕಳೆದುಕೊಂಡ ಟ್ಯುಲಿಪ್ ಗಡ್ಡೆ ಮಾತ್ರ ಬೇರೆ ವಿಷಯ. ಅದರಲ್ಲಿ ಫ್ಯುಸೇರಿಯಂ ಶಿಲೀಂಧ್ರ ಸೇರಿರಬಹುದು, ಅದು ಎಥಿಲೀನ್ ಅನಿಲ ಬಿಟ್ಟು ಪಕ್ಕದ ಒಳ್ಳೆಯ ಗಡ್ಡೆಗಳ ಹೂವನ್ನೂ ಕೊಲ್ಲುತ್ತದೆ. ಅಂಥದ್ದನ್ನು ಆ ದಿನವೇ ಎಸೆಯಿರಿ.

ತಳಿಯೂ ಮುಖ್ಯ. ತೋಟದಲ್ಲಿ ಚೆನ್ನಾಗಿ ಬರುವುದೆಲ್ಲ ಕುಂಡದಲ್ಲಿ ಬರುವುದಿಲ್ಲ. ಟ್ಯುಲಿಪ್‌ನಲ್ಲಿ ‘ಕ್ರಿಸ್‌ಮಸ್ ಮಾರ್ವೆಲ್’, ‘ಏಪ್ರಿಕಾಟ್ ಬ್ಯೂಟಿ’, ಹಯಸಿಂತ್‌ನಲ್ಲಿ ‘ಡೆಲ್ಫ್ಟ್ ಬ್ಲೂ’, ‘ಪಿಂಕ್ ಪರ್ಲ್’, ‘ಕಾರ್ನೆಗಿ’, ಡ್ಯಾಫೊಡಿಲ್‌ನಲ್ಲಿ ಗಿಡ್ಡ ‘ಟೆಟ್-ಅ-ಟೆಟ್’, ಪೇಪರ್‌ವೈಟ್‌ನಲ್ಲಿ ‘ಜಿವಾ’, ಅಮರಿಲ್ಲಿಸ್‌ನಲ್ಲಿ ‘ರೆಡ್ ಲಯನ್’, ‘ಆಪಲ್ ಬ್ಲಾಸಮ್’ ಇವು ಕೈಬಿಡದ ಹೆಸರುಗಳು.

ಹಯಸಿಂತ್ ಮುಟ್ಟುವಾಗ ಕೈಗವಸು ಹಾಕಿಕೊಳ್ಳಿ. ಅದರ ಸಿಪ್ಪೆಯಲ್ಲಿರುವ ಕ್ಯಾಲ್ಸಿಯಂ ಆಕ್ಸಲೇಟ್‌ನ ಸೂಜಿಯಂಥ ಹರಳುಗಳು ಚರ್ಮಕ್ಕೆ ಚುಚ್ಚಿ, ಸುವರ್ಣಗೆಡ್ಡೆ ಹೆಚ್ಚಿದಾಗಿನಂತೆ ತುರಿಕೆ ತರುತ್ತವೆ.

ಅಮರಿಲ್ಲಿಸ್: ಬಿಗಿ ಕುಂಡ, ಬಿಗಿ ನೀರು

ಕುಂಡದ ಅಗಲ ಗಡ್ಡೆಗಿಂತ 3–5 ಸೆಂ.ಮೀ. ಮಾತ್ರ ಹೆಚ್ಚಿರಲಿ. ದೊಡ್ಡ ಕುಂಡದಲ್ಲಿ ಬೇರು ತಲುಪದ ಮಣ್ಣು ಹಸಿಯಾಗಿಯೇ ಉಳಿದು ಗಡ್ಡೆಯನ್ನು ಕೊಳೆಸುತ್ತದೆ. ಆದರೆ ಭಾರ ಬೇಕು: 60 ಸೆಂ.ಮೀ. ದಂಟಿನ ಮೇಲೆ ಅಂಗೈಯಗಲದ ನಾಲ್ಕು ಹೂವು ಅರಳಿದಾಗ ಹಗುರ ಪ್ಲಾಸ್ಟಿಕ್ ಕುಂಡ ಮಗುಚಿಕೊಳ್ಳುತ್ತದೆ. ಮಣ್ಣಿನ ಕುಂಡವೇ ವಾಸಿ.

ಕೋಕೋಪೀಟ್, ಮರಳು, ಹಳೆಯ ಕಾಂಪೋಸ್ಟ್ ಬೆರೆತ ನೀರು ಇಂಗುವ ಮಿಶ್ರಣ ತುಂಬಿ. ಗಡ್ಡೆಯ ಒಣ ಬೇರುಗಳನ್ನು ಕತ್ತರಿಸದೆ ಕೆಳಕ್ಕೆ ಹರಡಿ, ಗಡ್ಡೆಯ ಮೇಲಿನ ಮೂರನೇ ಒಂದು ಭಾಗವಾದರೂ ಮಣ್ಣಿನ ಮೇಲೆ ಕಾಣುವಂತೆ ನೆಡಿ. ಕುತ್ತಿಗೆ ಮುಚ್ಚಿದರೆ ನೀರು ಪದರಗಳ ನಡುವೆ ಇಳಿದು ಕೊಳೆ ಶುರುವಾಗುತ್ತದೆ. ನೆಟ್ಟ ದಿನ ಒಮ್ಮೆ ಚೆನ್ನಾಗಿ ನೀರು ಕೊಡಿ. ಆಮೇಲೆ ಮೊಳಕೆಯ ತುದಿ ಹಸಿರಾಗಿ ಹೊರಗೆ ಇಣುಕುವವರೆಗೂ ಮಣ್ಣು ಬೆರಳಿನ ಮೊದಲ ಗೆಣ್ಣಿನವರೆಗೆ ಒಣಗಿದ ಮೇಲಷ್ಟೇ ಮತ್ತೆ ನೀರು. ಈ ಹಂತದಲ್ಲಿ ಪ್ರೀತಿಯಿಂದ ದಿನಾ ನೀರು ಸುರಿಯುವುದೇ ಅಮರಿಲ್ಲಿಸ್ ಸಾಯಲು ಮೊದಲ ಕಾರಣ. ಬೇರಿಲ್ಲದ ಗಡ್ಡೆ ನೀರು ಕುಡಿಯಲಾರದು. ಅದಕ್ಕೆ ಬೇಕಾದದ್ದು ಬುಡಕ್ಕೆ ಬೆಚ್ಚನೆ, 20ರಿಂದ 24 ಡಿಗ್ರಿ.

ಮೊದಲು ಕಾಣುವುದು ಎಲೆಯೋ ಮೊಗ್ಗೋ ಎಂಬ ಕುತೂಹಲ ಎಲ್ಲರಿಗೂ. ಮೊಗ್ಗು ದಪ್ಪಗೆ, ತುದಿ ಚೂಪಾದ ಹಕ್ಕಿಯ ಕೊಕ್ಕಿನಂತೆ ಇರುತ್ತದೆ. ಎಲೆ ಚಪ್ಪಟೆ, ತುದಿ ಮೊಂಡು. ದಂಟು ಬೆಳಕಿನ ಕಡೆ ವಾಲುತ್ತದೆ, ಎರಡು ಮೂರು ದಿನಕ್ಕೊಮ್ಮೆ ಕುಂಡವನ್ನು ಕಾಲು ಸುತ್ತು ತಿರುಗಿಸಿ. ಮೊದಲ ಹೂವು ಬಿರಿಯುತ್ತಿದ್ದಂತೆ 16–18 ಡಿಗ್ರಿಯ ತಂಪು ಜಾಗಕ್ಕೆ ಸರಿಸಿದರೆ ಹೂವು ಎರಡು ಮೂರು ವಾರ ಬಾಳುತ್ತದೆ. ಬೇಗ ಬರುತ್ತಿದೆ ಎನಿಸಿದರೆ ಮೊಗ್ಗಿನ ಹಂತದಲ್ಲೇ ತಂಪಿಗೆ ಸರಿಸಿ ನಿಧಾನಿಸಬಹುದು, ತಡವಾಗುತ್ತಿದೆ ಎನಿಸಿದರೆ ಬೆಚ್ಚಗಿನ ಮೂಲೆಗೆ.

ಗಡ್ಡೆಯ ಮೇಲೆ, ದಂಟಿನ ಮೇಲೆ ಇಟ್ಟಿಗೆಗೆಂಪು ಗೆರೆಗಳು ಕಂಡು, ದಂಟು ಆ ಕಡೆಗೆ ಸೊಟ್ಟಗಾದರೆ ಅದು ಸ್ಟಾಗೊನೊಸ್ಪೊರಾ ಎಂಬ ಶಿಲೀಂಧ್ರದ ಕೆಲಸ. ಸಣ್ಣ ಕಲೆಯಾದರೆ ಕೆರೆದು ಒಣಗಲು ಬಿಡಿ, ಎಲೆ ದಂಟುಗಳ ಮೇಲೆ ನೀರು ಬೀಳಿಸಬೇಡಿ. ಆಳಕ್ಕೆ ಇಳಿದಿದ್ದರೆ ಗಡ್ಡೆಯ ಆಸೆ ಬಿಡಿ.

ಪೇಪರ್‌ವೈಟ್: ಬೆಣಚುಕಲ್ಲು, ನೀರು, ಒಂದಿಷ್ಟು ಮದ್ಯ

ಇದಕ್ಕೆ ಮಣ್ಣೂ ಬೇಡ. 8–10 ಸೆಂ.ಮೀ. ಆಳದ ತೂತಿಲ್ಲದ ಬಟ್ಟಲಿನಲ್ಲಿ ಅರ್ಧಕ್ಕೂ ಮೇಲೆ ಬೆಣಚುಕಲ್ಲು ತುಂಬಿ, ಗಡ್ಡೆಗಳನ್ನು ಒಂದಕ್ಕೊಂದು ತಾಗುವಷ್ಟು ಹತ್ತಿರ ಕೂರಿಸಿ, ನಡುವೆ ಮತ್ತಷ್ಟು ಕಲ್ಲು ಹಾಕಿ ಅಲುಗದಂತೆ ಮಾಡಿ. ನೀರಿನ ಮಟ್ಟ ಗಡ್ಡೆಯ ಬುಡವನ್ನು ಸವರಬೇಕು, ಅದಕ್ಕಿಂತ ಮೇಲೆ ಏರಬಾರದು. ಗಡ್ಡೆ ನೀರಿನಲ್ಲಿ ಕುಳಿತರೆ ವಾರದೊಳಗೆ ಮೆತ್ತಗಾಗಿ ನಾರುತ್ತದೆ. ಬೇರು ಕಚ್ಚುವ ಮೊದಲ ವಾರ 10–15 ಡಿಗ್ರಿಯ ತಂಪು ಜಾಗ, ಆಮೇಲೆ ಸಿಕ್ಕಷ್ಟೂ ಬೆಳಕು.

ಪೇಪರ್‌ವೈಟ್‌ನ ಖಾಯಂ ದೂರು ಒಂದೇ: ಎತ್ತರಕ್ಕೆ ಬೆಳೆದು ಹೂ ಬಿರಿಯುವ ಹೊತ್ತಿಗೆ ನಾಲ್ಕೂ ಕಡೆ ಒರಗಿಬಿಡುತ್ತದೆ. ಬೆಳಕು ಕಡಿಮೆ, ಕೋಣೆ ಬಿಸಿ ಎರಡೂ ಸೇರಿದರೆ ಹೀಗಾಗುವುದು ಖಚಿತ. ಇದಕ್ಕೆ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ವಿಲಿಯಂ ಮಿಲ್ಲರ್ ಅವರ ತಂಡ 2006ರಲ್ಲಿ ತೋರಿಸಿಕೊಟ್ಟ ಉಪಾಯ ಸೊಗಸಾಗಿದೆ. ಬೇರು ಬಂದು ಮೊಳಕೆ 3–5 ಸೆಂ.ಮೀ. ಹಸಿರಾದ ಮೇಲೆ ಬಟ್ಟಲಿನ ನೀರು ಚೆಲ್ಲಿ, ಅದರ ಬದಲು ಶೇ. 4–6ರಷ್ಟು ಮದ್ಯಸಾರವಿರುವ ನೀರು ಹಾಕುವುದು. ಗಿಡ ಮೂರನೇ ಒಂದರಿಂದ ಅರ್ಧದಷ್ಟು ಗಿಡ್ಡವಾಗುತ್ತದೆ, ಹೂವಿನ ಗಾತ್ರಕ್ಕೂ ಬಾಳಿಕೆಗೂ ಕುಂದಿಲ್ಲ. ಮದ್ಯಸಾರ ಬೆರೆತ ನೀರನ್ನು ಬೇರು ಅಷ್ಟು ಸಲೀಸಾಗಿ ಎಳೆದುಕೊಳ್ಳಲಾರದು, ಆ ಸಣ್ಣ ಬಾಯಾರಿಕೆಯಲ್ಲಿ ಎಲೆದಂಟುಗಳು ಹಿಗ್ಗುವುದು ಕಡಿಮೆಯಾಗುತ್ತದೆ ಎಂಬುದು ಇದಕ್ಕೆ ಕೊಡುವ ವಿವರಣೆ.

ಅಳತೆ ಹೀಗೆ: ಶೇ. 40ರ ವೋಡ್ಕಾ ಅಥವಾ ಜಿನ್ ಒಂದು ಪಾಲಿಗೆ ಏಳು ಪಾಲು ನೀರು ಸೇರಿಸಿದರೆ ಶೇ. 5 ಆಗುತ್ತದೆ. ಔಷಧಿ ಅಂಗಡಿಯ ಶೇ. 70ರ ಐಸೊಪ್ರೊಪೈಲ್ ಆದರೆ ಒಂದು ಪಾಲಿಗೆ ಹದಿಮೂರು. ಬಿಯರ್, ವೈನ್ ಬೇಡ, ಅವುಗಳಲ್ಲಿರುವ ಸಕ್ಕರೆ ಕೊಳೆಯನ್ನು ಕರೆಯುತ್ತದೆ. ಶೇ. 10 ದಾಟಿದರೆ ಗಿಡಕ್ಕೆ ವಿಷ. ಮುಂದೆಯೂ ಬಟ್ಟಲಿಗೆ ಇದೇ ಮಿಶ್ರಣ ಹಾಕುತ್ತಿರಬೇಕು.

ಪರಿಮಳದ ಬಗ್ಗೆಯೂ ಒಂದು ಮಾತು. ಪೇಪರ್‌ವೈಟ್ ಹೂವಿನಲ್ಲಿ ಇಂಡೋಲ್ ಎಂಬ ರಾಸಾಯನಿಕವಿದೆ. ಮಲ್ಲಿಗೆಗೆ ಅದರ ಗಾಢತೆ ಕೊಡುವುದೂ ಇದೇ, ಕೊಟ್ಟಿಗೆಯ ವಾಸನೆ ನೆನಪಿಸುವುದೂ ಇದೇ. ಕೆಲವರಿಗೆ ಮತ್ತು ಬರಿಸುವ ಕಂಪು, ಕೆಲವರಿಗೆ ತಲೆನೋವು. ಊಟದ ಮೇಜಿನ ಮೇಲೆ ಇಡುವ ಮುಂಚೆ ಮನೆಯವರನ್ನು ಕೇಳಿ.

ಗಾಜಿನ ಮೇಲೆ ಹಯಸಿಂತ್

18ನೇ ಶತಮಾನದ ಯುರೋಪಿನಲ್ಲಿ ಹಯಸಿಂತ್ ಹುಚ್ಚು ಹಬ್ಬಿದ್ದಾಗ ಜನಪ್ರಿಯವಾದ ಗಾಜಿನ ಪಾತ್ರೆ ಇಂದಿಗೂ ಅದೇ ಆಕಾರದಲ್ಲಿದೆ: ಕೆಳಗೆ ಹೊಟ್ಟೆ, ನಡುವೆ ಕಿರಿದಾದ ಕತ್ತು, ಮೇಲೆ ಗಡ್ಡೆ ಕೂರಲು ಬಟ್ಟಲು. ಕತ್ತಿನ ಕೆಲಸ ಗಡ್ಡೆಯನ್ನು ನೀರಿನಿಂದ ಮೇಲೆ ಹಿಡಿಯುವುದು. ನೀರು ಮತ್ತು ಗಡ್ಡೆಯ ಬುಡದ ನಡುವೆ ಅರ್ಧ ಸೆಂ.ಮೀ. ಖಾಲಿ ಬಿಡಿ. ತೇವದ ಸುಳಿವಿಗೇ ಬೇರು ಕೆಳಕ್ಕೆ ಇಳಿಯುತ್ತದೆ, ಮುಟ್ಟಿಸುವ ಅಗತ್ಯವಿಲ್ಲ. ನೀರಿಗೆ ಒಂದು ಚೂರು ಇದ್ದಿಲು ಹಾಕಿದರೆ ವಾಸನೆ ಕಟ್ಟುವುದಿಲ್ಲ.

ಇದನ್ನು 5–9 ಡಿಗ್ರಿಯ ಕತ್ತಲಲ್ಲಿಡಿ. ಬೇರು ನೀರೊಳಗೆ 10 ಸೆಂ.ಮೀ. ಇಳಿದು, ಮೇಲೆ ಮೊಳಕೆ 4–5 ಸೆಂ.ಮೀ. ಎದ್ದ ಮೇಲೆ, ಎಣಿಕೆಯ ವಾರಗಳೂ ಮುಗಿದಿದ್ದರೆ, ಹೊರತೆಗೆಯಬಹುದು. ಎರಡೂ ಷರತ್ತು ಬೇಕು. ಬೇರು ಚೆನ್ನಾಗಿ ಬಂತೆಂದು ಏಳನೇ ವಾರಕ್ಕೇ ತೆಗೆದರೆ ಕತ್ತಿಲ್ಲದ ಹೂವು ನೋಡಬೇಕಾಗುತ್ತದೆ. ಹಾಗೆ ಆಗಿಯೇಬಿಟ್ಟರೆ ಒಂದು ಹಳೆಯ ಉಪಾಯವಿದೆ: ಕಾಗದವನ್ನು ಶಂಕುವಿನಂತೆ ಸುತ್ತಿ, ತುದಿಗೆ ತೂತು ಬಿಟ್ಟು, ಮೊಳಕೆಯ ಮೇಲೆ ಟೋಪಿಯ ಹಾಗೆ ಕೆಲವು ದಿನ ಇಡುವುದು. ಬೆಳಕು ಹುಡುಕುತ್ತಾ ದಂಟು ಒಂದಷ್ಟು ಮೇಲೇಳುತ್ತದೆ. ಪೂರ್ತಿ ಪರಿಹಾರವಲ್ಲ, ಮಾನ ಉಳಿಸುವಷ್ಟು.

ಟ್ಯುಲಿಪ್ ಮತ್ತು ಜೊತೆಯವರು

15 ಸೆಂ.ಮೀ. ಅಗಲದ ಕುಂಡಕ್ಕೆ ಟ್ಯುಲಿಪ್ 5–6, ಹಯಸಿಂತ್ 3, ಡ್ಯಾಫೊಡಿಲ್ 3–5, ಕ್ರೋಕಸ್ ಅಥವಾ ಮಸ್ಕಾರಿ 10–15. ತೋಟದ ಅಂತರ ಇಲ್ಲಿ ಬೇಡ, ಒತ್ತಾಗಿ ನೆಟ್ಟರೇ ಕುಂಡ ತುಂಬಿ ಕಾಣುವುದು. ಟ್ಯುಲಿಪ್ ಗಡ್ಡೆಗೆ ಒಂದು ಬದಿ ಚಪ್ಪಟೆ ಇರುತ್ತದೆ. ಅದನ್ನು ಕುಂಡದ ಅಂಚಿನ ಕಡೆ ತಿರುಗಿಸಿ ನೆಡಿ. ಮೊದಲ ದೊಡ್ಡ ಎಲೆ ಬರುವುದು ಆ ಬದಿಯಿಂದಲೇ, ಎಲ್ಲ ಗಡ್ಡೆಗಳ ಎಲೆಗಳೂ ಹೊರಕ್ಕೆ ಬಾಗಿ ಕುಂಡಕ್ಕೆ ಅಂಚು ಕಟ್ಟಿದಂತಾಗುತ್ತದೆ, ಹೂವುಗಳು ಒಟ್ಟಾಗಿ ನಡುವೆ ನಿಲ್ಲುತ್ತವೆ. ಗಡ್ಡೆಗಳ ತುದಿ ಮಣ್ಣಿನ ಮಟ್ಟದಲ್ಲಿರಲಿ. ಬುಡದ ಕೆಳಗೆ ಮಣ್ಣು ಸಡಿಲವಾಗಿರಬೇಕು, ಗಡ್ಡೆಯನ್ನು ಒತ್ತಿ ತುರುಕಿದರೆ ಗಟ್ಟಿಯಾದ ಮಣ್ಣಿನೊಳಗೆ ಇಳಿಯಲಾರದ ಬೇರುಗಳು ಗಡ್ಡೆಯನ್ನೇ ಮೇಲಕ್ಕೆತ್ತಿಬಿಡುತ್ತವೆ.

ಚಳಿಗೆ ಎಲ್ಲಿಡುವುದು? ಹಿಮಗಟ್ಟದ ನೆಲಮಾಳಿಗೆ, ಬಿಸಿಮಾಡದ ಗ್ಯಾರೇಜ್ ಇದ್ದವರು ಅದೃಷ್ಟವಂತರು. ಉಳಿದವರಿಗೆ ಫ್ರಿಜ್. ನೆಟ್ಟ ಕುಂಡಕ್ಕೆ ನೀರು ಕೊಟ್ಟು, ತೂತು ಮಾಡಿದ ಪ್ಲಾಸ್ಟಿಕ್ ಹೊದಿಸಿ ಒಳಗಿಡಿ, ಎರಡು ವಾರಕ್ಕೊಮ್ಮೆ ಮಣ್ಣು ಮುಟ್ಟಿ ನೋಡಿ. ಫ್ರಿಜ್‌ನ ಗಾಳಿ ಒಣ, ಅಲ್ಲಿ ಸಾಯುವ ಕುಂಡಗಳು ಸಾಮಾನ್ಯವಾಗಿ ಬಾಯಾರಿ ಸಾಯುತ್ತವೆ. ಅನುಕೂಲವಿದ್ದವರು ಮೊದಲ ಕೆಲವು ವಾರ 9 ಡಿಗ್ರಿ, ತಳದ ತೂತಿನಲ್ಲಿ ಬೇರು ಕಂಡ ಮೇಲೆ 5, ಮೊಳಕೆ ಎದ್ದ ಮೇಲೆ 1–2 ಡಿಗ್ರಿ ಎಂದು ಇಳಿಸುತ್ತಾರೆ. ಬೇರಿಗೆ ತುಸು ಬೆಚ್ಚಗಿನ ತಂಪು ಇಷ್ಟ, ಮೊಳಕೆಯನ್ನು ಹಿಡಿದು ನಿಲ್ಲಿಸಲು ಕಟುಚಳಿ. ಇದು ಬೆಳೆಗಾರರ ಗೋದಾಮಿನ ಕ್ರಮ. ಮನೆಯಲ್ಲಿ 4–5 ಡಿಗ್ರಿಯ ಒಂದೇ ಮಟ್ಟದ ಚಳಿಯಲ್ಲೂ ಕೆಲಸ ಆಗುತ್ತದೆ.

ಕುಂಡಕ್ಕೆ ಜಾಗವಿಲ್ಲದಿದ್ದರೆ ಗಡ್ಡೆಗಳನ್ನಷ್ಟೇ ಕಾಗದದ ಚೀಲದಲ್ಲಿ ಇಡಬಹುದು. ಪ್ಲಾಸ್ಟಿಕ್ ಚೀಲ ಬೇಡ, ಬೆವರಿ ಬೂಷ್ಟು ಹಿಡಿಯುತ್ತದೆ. ಹೀಗಿಟ್ಟ ಗಡ್ಡೆಗೆ ಚಳಿ ಸಿಕ್ಕಿದೆ, ಬೇರು ಮಾತ್ರ ಇಲ್ಲ ಎಂಬುದು ನೆನಪಿರಲಿ. ಎಣಿಕೆಯ ಕೊನೆಯ ಮೂರು ನಾಲ್ಕು ವಾರವನ್ನಾದರೂ ಕುಂಡದಲ್ಲಿ, ತಂಪಿನಲ್ಲೇ ಕಳೆಯಲು ಬಿಡಿ. ಚೀಲದ ಮೇಲೆ ದೊಡ್ಡದಾಗಿ ಹೆಸರು, ತಾರೀಖು ಬರೆಯಿರಿ. ಯಾರಾದರೂ ಈರುಳ್ಳಿ ಎಂದುಕೊಂಡು ಹೆಚ್ಚಿಬಿಟ್ಟಾರು. ನಾರ್ಸಿಸಸ್ ಜಾತಿಯ ಗಡ್ಡೆಗಳಲ್ಲಿ ಲೈಕೊರಿನ್ ಎಂಬ ವಿಷವಿದೆ, ತಿಂದರೆ ವಾಂತಿ ಗ್ಯಾರಂಟಿ. ಅಮರಿಲ್ಲಿಸ್‌ನಲ್ಲೂ ಅದೇ. ಬೆಕ್ಕು ನಾಯಿ ಇರುವ ಮನೆಯಲ್ಲಿ ಎಟುಕದಂತೆ ಇಡಬೇಕು.

ಫ್ರಿಜ್‌ನ ಇನ್ನೊಂದು ಶತ್ರು ಹಣ್ಣು. ಸೇಬು, ಪೇರಳೆ, ಮಾಗಿದ ಬಾಳೆ ಎಥಿಲೀನ್ ಬಿಡುತ್ತವೆ. ಹೊರಗಿನಿಂದ ಗಡ್ಡೆಗೆ ಏನೂ ಆದಂತೆ ಕಾಣುವುದಿಲ್ಲ. ಹದಿನೈದು ವಾರ ಕಾದು ಹೊರತೆಗೆದ ಮೇಲೆ ಎಲೆ ಸೊಂಪಾಗಿ ಬರುತ್ತದೆ, ಮೊಗ್ಗು ಬಿಳಿಚಿಕೊಂಡು ಸತ್ತಿರುತ್ತದೆ. ಈ ಕೆಲಸದಲ್ಲಿ ಇಷ್ಟು ಮೋಸದ ತಪ್ಪು ಬೇರೆ ಇಲ್ಲ, ಏಕೆಂದರೆ ತಪ್ಪಿಗೂ ಅದರ ಫಲಕ್ಕೂ ನಡುವೆ ಮೂರು ತಿಂಗಳಿರುತ್ತದೆ. ಹಣ್ಣನ್ನು ಬೇರೆಡೆ ಇಡಲಾಗದಿದ್ದರೆ ಆ ಫ್ರಿಜ್‌ನಲ್ಲಿ ಟ್ಯುಲಿಪ್ ಬೇಡ. ಅಮರಿಲ್ಲಿಸ್ ಮತ್ತು ಪೇಪರ್‌ವೈಟ್ ಗಡ್ಡೆಗಳನ್ನು ಮಾತ್ರ ಜೊತೆಗಿರಲಿ ಎಂದು ಫ್ರಿಜ್‌ಗೆ ಹಾಕಬೇಡಿ, ಅವಕ್ಕೆ ಆ ಚಳಿಯಿಂದ ಒಳಿತಿಲ್ಲ.

ಹೊರತೆಗೆಯುವ ವಾರ

ಚಳಿ ಮುಗಿದ ಕುಂಡದ ಮೊಳಕೆ ಕತ್ತಲಲ್ಲಿದ್ದು ಹಳದಿ ಬಿಳಿ ಬಣ್ಣಕ್ಕಿರುತ್ತದೆ. ನೇರವಾಗಿ ಬಿಸಿಲು ಕಿಟಕಿಗೆ ಇಟ್ಟರೆ ಸುಡುತ್ತದೆ, ಬಿಸಿ ಕೋಣೆಗೆ ಇಟ್ಟರೆ ದಂಟು ಓಡಿ ಹೂವು ಹಿಂದುಳಿಯುತ್ತದೆ. ಮೊದಲ ಒಂದು ವಾರ 10–15 ಡಿಗ್ರಿಯ ಮಂದ ಬೆಳಕು. ಮೊಳಕೆ ಹಸಿರಾಗಿ ಎಲೆ ಬಿಚ್ಚಿಕೊಳ್ಳತೊಡಗಿದ ಮೇಲೆ 15–18 ಡಿಗ್ರಿಯ ಒಳ್ಳೆಯ ಬೆಳಕು. ಮೊಗ್ಗಿಗೆ ಬಣ್ಣ ಬಂದೊಡನೆ ಮತ್ತೆ ತಂಪಿಗೆ, ಬಿಸಿಲಿನಿಂದ ದೂರ. ಒಂದೇ ದಿನ ಎಲ್ಲ ಕುಂಡ ತೆಗೆಯಬೇಡಿ. ಹತ್ತು ದಿನಕ್ಕೊಂದರಂತೆ ತೆಗೆದರೆ ಒಂದೂವರೆ ತಿಂಗಳು ಹೂವು.

ಕ್ರೋಕಸ್ ಮತ್ತು ಪುಟ್ಟ ಐರಿಸ್ ರೆಟಿಕ್ಯುಲಾಟಾ ಈ ವಿಷಯದಲ್ಲಿ ಬಹಳ ಸೂಕ್ಷ್ಮ. 18 ಡಿಗ್ರಿಯ ಕೋಣೆ ನಮಗೆ ತಂಪು, ಅವಕ್ಕೆ ಸೆಕೆ. ಅರಳುವವರೆಗೂ 13–15 ಡಿಗ್ರಿ ದಾಟಿಸದಿರಲು ಆಗದಿದ್ದರೆ ಅವನ್ನು ಕೊಳ್ಳುವುದೇ ಬೇಡ, ಬರೀ ಹುಲ್ಲು ಸಿಗುತ್ತದೆ.

ಈ ಹಂತದಲ್ಲಿ ಎರಡು ವಿಚಿತ್ರ ದೋಷ ಕಾಣಿಸಬಹುದು. ಟ್ಯುಲಿಪ್‌ನ ದಂಟಿನಲ್ಲಿ ಹೂವಿನ ಕೆಳಗೆ ಒಂದೆಡೆ ನೀರು ತುಂಬಿದ ಗಾಜಿನಂತಾಗಿ ಅಲ್ಲೇ ಮಡಚಿ ಬೀಳುತ್ತದೆ. ರೋಗವಲ್ಲ, ವೇಗವಾಗಿ ಹಿಗ್ಗಿದ ದಂಟಿಗೆ ಕ್ಯಾಲ್ಸಿಯಂ ತಲುಪಿಲ್ಲ. ಗಾಳಿ ಆಡದ, ತೇವ ತುಂಬಿದ ಬಿಸಿ ಕೋಣೆಯಲ್ಲಿ ಎಲೆಯಿಂದ ನೀರು ಆವಿಯಾಗದೆ, ಬೇರಿನಿಂದ ಕ್ಯಾಲ್ಸಿಯಂ ಮೇಲೇರದೆ ಹೀಗಾಗುತ್ತದೆ. ತಂಪು ಮಾಡಿ, ಕಿಟಕಿ ತೆರೆಯಿರಿ. ಹಯಸಿಂತ್‌ನಲ್ಲಿ ಇಡೀ ಹೂಗೊಂಚಲು ಬುಡದಿಂದ ಕಳಚಿ ಎಲೆಗಳ ನಡುವಿಂದ ಹೊರಕ್ಕೆ ಬರುವುದುಂಟು, ಗಡ್ಡೆ ಉಗುಳಿದ ಹಾಗೆ. ಕಟುಚಳಿಯಿಂದ ಹಠಾತ್ತನೆ ಬಿಸಿಗೆ ತಂದಾಗ ಬೇರಿನ ಒತ್ತಡ ಅತಿಯಾಗುವುದು ಇದಕ್ಕೊಂದು ಕಾರಣ. ಕಳಚಿದ ಗೊಂಚಲನ್ನು ಹೂದಾನಿಗೆ ಹಾಕಿ, ಅಲ್ಲಿ ಅರಳುತ್ತದೆ.

ಹೂವು ಮುಗಿದ ಮೇಲೆ

ಪೇಪರ್‌ವೈಟ್ ಮತ್ತು ಟ್ಯುಲಿಪ್ ಗಡ್ಡೆಗಳನ್ನು ಕಾಂಪೋಸ್ಟ್‌ಗೆ ಹಾಕಿ. ನೀರಿನಲ್ಲೋ ಕುಂಡದಲ್ಲೋ ಹೂ ಬಿಟ್ಟು ಬಸವಳಿದ ಅವುಗಳಿಂದ ಮುಂದಿನ ವರ್ಷ ಹೂ ನಿರೀಕ್ಷಿಸುವುದು ದುರಾಸೆ. ಡ್ಯಾಫೊಡಿಲ್, ಮಸ್ಕಾರಿ, ಮಣ್ಣಿನಲ್ಲಿ ಬೆಳೆದ ಹಯಸಿಂತ್ ಇವುಗಳ ಎಲೆ ಒಣಗುವವರೆಗೆ ಬೆಳಕು ನೀರು ಕೊಟ್ಟು, ಚಳಿಗಾಲ ಗಟ್ಟಿಯಿರುವ ಜಾಗವಾದರೆ ನೆಲಕ್ಕೆ ಹಾಕಬಹುದು. ಒಂದೆರಡು ವರ್ಷದ ಮೇಲೆ ಮತ್ತೆ ಹೂ ಬಂದೀತು. ಕುಂಡಕ್ಕೆ ಎರಡನೇ ಸಲ ಬೇಡ.

ಅಮರಿಲ್ಲಿಸ್ ಮಾತ್ರ ವರ್ಷವರ್ಷವೂ ಬರುವ ನೆಂಟ. ಬಾಡಿದ ಹೂದಂಟನ್ನು ಗಡ್ಡೆಯಿಂದ 3–5 ಸೆಂ.ಮೀ. ಮೇಲೆ ಕತ್ತರಿಸಿ, ಎಲೆ ಮುಟ್ಟಬೇಡಿ. ಈ ಗಡ್ಡೆ ಸುಮಾರು ನಾಲ್ಕು ಎಲೆಗೆ ಒಂದರಂತೆ ಹೂಗೊಂಚಲನ್ನು ಒಳಗೆ ಕಟ್ಟುತ್ತದೆ. ಎರಡು ದಂಟು ಬೇಕೆಂದರೆ ಎಂಟು ಎಲೆಯ ದುಡಿಮೆ ಬೇಕು. ಹಾಗಾಗಿ ಬೇಸಿಗೆಯುದ್ದಕ್ಕೂ ಒಳ್ಳೆಯ ಬೆಳಕು, ಎರಡು ಮೂರು ವಾರಕ್ಕೊಮ್ಮೆ ತೆಳು ದ್ರವಗೊಬ್ಬರ. ಆಗಸ್ಟ್ ಕೊನೆಗೆ ನೀರು ಕಡಿಮೆ ಮಾಡುತ್ತಾ ಬಂದು ನಿಲ್ಲಿಸಿ, ಕುಂಡ ಸಮೇತ 10–13 ಡಿಗ್ರಿಯ ಒಣ ಕತ್ತಲಲ್ಲಿ 8–10 ವಾರ ಇಡಿ. ಎಲೆ ತಾನಾಗಿ ಒಣಗುತ್ತದೆ. ಆಮೇಲೆ ಮೇಲಿನ ಎರಡು ಬೆರಳು ಮಣ್ಣು ತೆಗೆದು ಹೊಸದು ಹಾಕಿ, ಬೆಚ್ಚಗಿನ ಜಾಗಕ್ಕೆ ತಂದು ಒಮ್ಮೆ ನೀರು ಕೊಟ್ಟು, ಅಂದಿನಿಂದ ಎಣಿಸಲು ಶುರುಮಾಡಿ. ಎಲೆ ಮಾತ್ರ ಬಂದರೆ ಹಿಂದಿನ ಬೇಸಿಗೆಯಲ್ಲಿ ಬೆಳಕು ಸಾಲಲಿಲ್ಲ ಎಂದರ್ಥ. ಆ ಎಲೆಗಳನ್ನೇ ಚೆನ್ನಾಗಿ ಸಾಕಿದರೆ ಅದರ ಮುಂದಿನ ಚಳಿಗಾಲಕ್ಕೆ ಹೂವು.